ಕ್ಯಾಮೆರಾ ಯಾರ ಮನೆಯಲ್ಲಿದೆ, ಅದನ್ನು ನೋಡಿ

ಪ್ರಶ್ನೆ: ಲಾಕ್‌ಡೌನ್ ಕಾಲದಿಂದ ನಮ್ಮ ಮನೆಯಲ್ಲಿ ಮಲಯಾಳಂ ಸಿನಿಮಾದ ಹುಚ್ಚು. ಭಾಷೆ ಬರಲ್ಲ, ಸಬ್‌ಟೈಟಲ್ ಓದಿಕೊಂಡೇ ನೋಡುತ್ತೇವೆ. "ಅವರ ಸಿನಿಮಾ ಅವರ ಸಮಾಜದ ಕನ್ನಡಿ" ಅಂತ ಎಲ್ಲರೂ ಹೇಳುತ್ತಾರೆ. ನಿಜಾನಾ? ಕೇರಳ ಸಿನಿಮಾದಲ್ಲಿ ಕಾಣುವ ಹಾಗೇ ಇದೆಯಾ? ನೋಡುವಾಗ ಏನನ್ನು ಗಮನಿಸಬೇಕು?
ದಾವಣಗೆರೆಯ ಓದುಗರೊಬ್ಬರು

ಉತ್ತರ: ನಾನು ಬೆಳೆದದ್ದು ಕಾಸರಗೋಡು ಕಡೆ. ಮನೆಯಲ್ಲಿ ಕನ್ನಡ, ಗದ್ದೆಯಲ್ಲಿ ತುಳು, ಬಸ್ಸಿನಲ್ಲಿ ಮಲಯಾಳಂ. ಹಾಗಾಗಿ ಸಬ್‌ಟೈಟಲ್ ಇಲ್ಲದೆ ಈ ಸಿನಿಮಾ ನೋಡುವ ಭಾಗ್ಯ ಸಿಕ್ಕಿತು. ಆದರೆ "ಕನ್ನಡಿ" ಅನ್ನುವ ಮಾತು ನನಗೆ ಅಷ್ಟು ಹಿಡಿಸುವುದಿಲ್ಲ. ಕನ್ನಡಿ ಎದುರಿಗೆ ಬಂದದ್ದನ್ನೆಲ್ಲ ತೋರಿಸುತ್ತದೆ. ಸಿನಿಮಾದ ಕ್ಯಾಮೆರಾ ಯಾರದೋ ಮನೆಯೊಳಗೆ ಹೋಗುತ್ತದೆ, ಇನ್ಯಾರದೋ ಮನೆಯನ್ನು ರಸ್ತೆಯಿಂದಲೇ ನೋಡಿ ಮುಂದೆ ಸಾಗುತ್ತದೆ. ಅದಕ್ಕೇ ನಾನು ಮಲಯಾಳಂ ಸಿನಿಮಾ ನೋಡುವಾಗ ಮೊದಲು ನೋಡುವುದು ಮನೆಯನ್ನು. ಯಾರ ಮನೆ? ಯಾರು ಕಟ್ಟಿಸಿದ್ದು? ಜಗಲಿಯಲ್ಲಿ ಯಾರು ಕೂತಿದ್ದಾರೆ, ಒಲೆ ಮುಂದೆ ಯಾರು ನಿಂತಿದ್ದಾರೆ?

ಇದು ಸುಮ್ನೆ ಹೇಳುವ ಮಾತಲ್ಲ. ಹಳೇ ಕೇರಳದಲ್ಲಿ ಮನೆಯ ಹೆಸರು ಕೇಳಿದರೇ ಜಾತಿ ಗೊತ್ತಾಗುತ್ತಿತ್ತು. ನಂಬೂದಿರಿಗಳದ್ದು 'ಇಲ್ಲಂ' ಇಲ್ಲವೇ 'ಮನ', ನಾಯರ ದೊಡ್ಡ ಮನೆ 'ತರವಾಡು', ರಾಜಮನೆತನದ್ದು 'ಕೋವಿಲಗಂ', ಪುಲಯರದ್ದು 'ಚಾಳ'. ನಮಗೆಲ್ಲ 'ಮನೆ' ಎಂಬ ಒಂದೇ ಪದ ಸಾಕು. ಅಲ್ಲಿ ಅದೇ ಪದದ ತಂಗಿಯಂತಿರುವ 'ಮನ'ದೊಳಗೆ ಕಾಲಿಡಲು ಎಷ್ಟೋ ಜನರಿಗೆ ಹಕ್ಕೇ ಇರಲಿಲ್ಲ.

1954ರ 'ನೀಲಕ್ಕುಯಿಲ್' ಶುರುವಾಗುವುದೇ ಈ ಹೊಸ್ತಿಲಲ್ಲಿ. ನೀಲಿ ಅನ್ನುವ ದಲಿತ ಹುಡುಗಿ ಮಳೆಗೆ ಸಿಕ್ಕಿ ಸವರ್ಣ ಮೇಷ್ಟರೊಬ್ಬರ ಮನೆಯಲ್ಲಿ ಆಸರೆ ಪಡೆಯುತ್ತಾಳೆ. ಪ್ರೀತಿ, ಬಸಿರು, ಆಮೇಲೆ ಮೇಷ್ಟರು ಕೈಬಿಡುತ್ತಾರೆ. ಅವಳು ಸಾಯುತ್ತಾಳೆ. ಮಗುವನ್ನು ಊರಿನ ಪೋಸ್ಟ್‌ಮ್ಯಾನ್ ಸಾಕುತ್ತಾನೆ. ಪಿ. ಭಾಸ್ಕರನ್ ಮತ್ತು ರಾಮು ಕಾರ್ಯಾಟ್ ಸೇರಿ ನಿರ್ದೇಶಿಸಿದ ಚಿತ್ರ, ಕಥೆ ಬರೆದವರು ಉರೂಬ್. ಅದೇ ಕಾರ್ಯಾಟ್ 1965ರಲ್ಲಿ ತಕಳಿಯವರ ಕಾದಂಬರಿ ಆಧರಿಸಿ 'ಚೆಮ್ಮೀನ್' ಮಾಡಿದರು. ರಾಷ್ಟ್ರಪತಿಗಳ ಚಿನ್ನದ ಪದಕ ಪಡೆದ ಮೊದಲ ದಕ್ಷಿಣ ಭಾರತದ ಚಿತ್ರ ಅದು. ಮೀನುಗಾರರ ಗುಡಿಸಲಿನೊಳಗೆ ಕ್ಯಾಮೆರಾ ಹೋಯಿತು, ಸರಿ. ಆದರೆ ಗಂಡ ಕಡಲಿಗೆ ಹೋದಾಗ ಹೆಂಡತಿ ಶೀಲ ಕಳೆದುಕೊಂಡರೆ ಕಡಲಮ್ಮ ಅವನನ್ನು ನುಂಗುತ್ತಾಳೆ ಅನ್ನುವ ನಂಬಿಕೆಯ ಮೇಲೆ ಇಡೀ ಕಥೆ ನಿಂತಿದೆ. ಗಂಡಸು ಮುಳುಗಿದರೂ ತಪ್ಪು ದಡದಲ್ಲಿ ನಿಂತ ಹೆಂಗಸಿನದ್ದೇ. ಹಾಡುಗಳು ಮಾತ್ರ ಇವತ್ತಿಗೂ ಕಿವಿ ಬಿಡುವುದಿಲ್ಲ.

ಮನೆಯ ಕಥೆ ಎಂದರೆ ನನಗೆ ಮೊದಲು ನೆನಪಾಗುವುದು ಅಡೂರ್ ಗೋಪಾಲಕೃಷ್ಣನ್ ಅವರ 'ಎಲಿಪ್ಪತ್ತಾಯಂ', 1981ರದ್ದು. ಹೆಸರಿನ ಅರ್ಥ ಇಲಿಬೋನು. ಉಣ್ಣಿ ಅನ್ನುವ ನಡುವಯಸ್ಸಿನ ಯಜಮಾನ, ಹಳೇ ತರವಾಡು, ಜೊತೆಗೆ ಇಬ್ಬರು ತಂಗಿಯರು. ಮದುವೆಯಾಗಿ ಹೋದ ಅಕ್ಕ ಆಗಾಗ ಬಂದು ಪಾಲು ಕೇಳುತ್ತಾಳೆ. ಉಣ್ಣಿ ಕೆಲಸ ಮಾಡುವುದಿಲ್ಲ. ಹಿತ್ತಲಿಗೆ ದನ ನುಗ್ಗಿದರೆ ತಾನು ಎದ್ದು ಓಡಿಸುವುದಿಲ್ಲ, ತಂಗಿಯನ್ನು ಕೂಗುತ್ತಾನೆ. ಹೊಸ ಬಟ್ಟೆ ಹಾಕಿ ಹೊರಟವನು ದಾರಿಯಲ್ಲಿ ಕೆಸರು ನೀರು ಕಂಡು ಮನೆಗೆ ವಾಪಸ್. ಕನ್ನಡಿ ಹಿಡಿದು ಮೀಸೆಯ ಬಿಳಿ ಕೂದಲು ಕತ್ತರಿಸುತ್ತಾ ಕೂರುತ್ತಾನೆ. ರಾಜಮ್ಮ ಅನ್ನುವ ತಂಗಿಯ ಕೈಯಲ್ಲಿ ಮನೆ ನಡೆಯುತ್ತದೆ. ಅವಳು ಮಲಗಿದ ದಿನ ಅವನಿಗೆ ಬಿಸಿನೀರೂ ಇಲ್ಲ.

ನಮ್ಮ ಕರಾವಳಿಯವರಿಗೆ ಇದು ಬೇಗ ಅರ್ಥವಾಗುತ್ತದೆ. ನಮ್ಮಲ್ಲಿ ಅಳಿಯಸಂತಾನ ಇದ್ದ ಹಾಗೆ ಅಲ್ಲಿ ಮರುಮಕ್ಕತ್ತಾಯಂ ಇತ್ತು. ಆಸ್ತಿ ಹೆಣ್ಣಿನ ಕಡೆಯಿಂದ ಇಳಿಯುತ್ತದೆ, ಆದರೆ ಯಜಮಾನಿಕೆ ಸೋದರಮಾವನದ್ದು. ಹೆಣ್ಣಿನ ಕಡೆ ಆಸ್ತಿ ಅಂದಕೂಡಲೇ ಹೆಣ್ಣಿನ ರಾಜ್ಯ ಅಂದುಕೊಳ್ಳಬೇಡಿ. ರಾಜಮ್ಮನನ್ನು ನೋಡಿ, ಗೊತ್ತಾಗುತ್ತದೆ. 1970ರ ಜನವರಿ 1ರಿಂದ ಕೇರಳದಲ್ಲಿ ಗೇಣಿ ಪದ್ಧತಿ ರದ್ದಾಯಿತು. 1976ರ ಡಿಸೆಂಬರ್ 1ರಿಂದ ಅವಿಭಕ್ತ ಕುಟುಂಬದ ಆಸ್ತಿ ವ್ಯವಸ್ಥೆಯೇ ಕಾನೂನಿನಲ್ಲಿ ಇಲ್ಲವಾಯಿತು. ಕೂತು ಉಣ್ಣುವ ಕಾರಣವರ್, ಅಂದರೆ ತರವಾಡಿನ ಯಜಮಾನ, ಅವನ ಕೆಳಗಿನ ನೆಲವೇ ಹೋಯಿತು. ಅಡೂರ್ ಈ ಕಾನೂನುಗಳ ಮಾತನ್ನೇ ಎತ್ತುವುದಿಲ್ಲ. ಇಲಿ ಹಿಡಿದು, ಬೋನನ್ನು ಕೊಳದಲ್ಲಿ ಮುಳುಗಿಸುವುದನ್ನು ತೋರಿಸುತ್ತಾರೆ. ಕೊನೆಗೆ ಉಣ್ಣಿಯನ್ನೂ ಎಳೆದು ತಂದು ಅದೇ ಕೊಳಕ್ಕೆ ಹಾಕುತ್ತಾರೆ.

ಅಲ್ಲಿಗೆ ತರವಾಡಿನ ಕಥೆ ಮುಗಿಯಿತು ಅಂದುಕೊಂಡಿರಾ? ಇಲ್ಲ. ಹತ್ತು-ಹನ್ನೆರಡು ವರ್ಷ ಕಳೆಯುವುದರೊಳಗೆ ಉಣ್ಣಿ ಮೀಸೆ ತಿರುವಿಕೊಂಡು ವಾಪಸ್ ಬಂದ, ಈ ಸಲ ಹೀರೋ ಆಗಿ. 1993ರ 'ದೇವಾಸುರಂ', 1997ರ 'ಆರಾಂ ತಂಬುರಾನ್' ನೋಡಿ. ಜಮೀನ್ದಾರ, ಜಗಳಗಂಟ, ದೇವಸ್ಥಾನದ ಉತ್ಸವ ನಡೆಸುವವನು, ಹೆಂಗಸರಿಗೆ ಬುದ್ಧಿ ಹೇಳುವವನು. ಎರಡಕ್ಕೂ ಚಿತ್ರೀಕರಣ ನಡೆದದ್ದು ಒಟ್ಟಪಾಲಂ ಹತ್ತಿರದ ವರಿಕ್ಕಾಶ್ಶೇರಿ ಮನ ಎಂಬ ನಂಬೂದಿರಿ ಮನೆಯಲ್ಲಿ. ಆ ಮನೆ ಎಷ್ಟು ಸಿನಿಮಾದಲ್ಲಿ ಬಂದಿದೆ ಅಂದರೆ ಈಗ ಜನ ಟಿಕೆಟ್ ತಗೊಂಡು ನೋಡಲು ಹೋಗುತ್ತಾರೆ. ಭೂಸುಧಾರಣೆ ಮಾಡಿದ್ದೇವೆ ಅಂತ ಹೆಮ್ಮೆಪಡುವ ರಾಜ್ಯದಲ್ಲಿ, ಆ ಭೂಮಿಯ ಫಲ ಉಂಡವರ ಮಕ್ಕಳೇ ಥಿಯೇಟರಿನಲ್ಲಿ ತಂಬುರಾನ್‌ಗೆ ಅಂದರೆ ಒಡೆಯನಿಗೆ ಶಿಳ್ಳೆ ಹೊಡೆದರು. ಸಮಾಜ ಏನನ್ನು ಕಾನೂನಿನಲ್ಲಿ ಬಿಟ್ಟುಕೊಟ್ಟಿದೆ, ಏನನ್ನು ಮನಸ್ಸಿನಲ್ಲಿ ಇಟ್ಟುಕೊಂಡಿದೆ ಅಂತ ತಿಳಿಯಲು ಇಂಥ ಮಸಾಲೆ ಚಿತ್ರಗಳು ಪ್ರಶಸ್ತಿ ಚಿತ್ರಗಳಿಗಿಂತ ಜಾಸ್ತಿ ಉಪಯೋಗಕ್ಕೆ ಬರುತ್ತವೆ. ಒಟಿಟಿಯಲ್ಲಿ ಆರಿಸಿ ಬರೀ 'ರಿಯಲಿಸ್ಟಿಕ್' ಚಿತ್ರ ನೋಡುವವರಿಗೆ ಈ ಅರ್ಧ ತಪ್ಪಿಹೋಗುತ್ತದೆ. ನೂರು ಕೋಟಿ ದಾಟಿದ ಮೊದಲ ಮಲಯಾಳಂ ಚಿತ್ರ 2016ರ 'ಪುಲಿಮುರುಗನ್'. ಅದರಲ್ಲಿ ನಾಯಕ ಹುಲಿ ಜೊತೆ ಹೊಡೆದಾಡುತ್ತಾನೆ!

ಇನ್ನು ಗಲ್ಫ್ ಮನೆ. ಇದು ನಮ್ಮೂರಿನದ್ದೇ ಕಥೆ, ಹಾಗಾಗಿ ಸ್ವಲ್ಪ ನಿಧಾನ ಮಾಡುತ್ತೇನೆ. ನಾನು ಚಿಕ್ಕವನಿದ್ದಾಗ ಪಕ್ಕದ ಮನೆಯವರು ದುಬೈಯಿಂದ ಬರುವ ದಿನ ಕೇರಿಗೇ ಹಬ್ಬ. ಜೀಪಿನ ಮೇಲೆ ಹಗ್ಗ ಬಿಗಿದ ರಟ್ಟಿನ ಪೆಟ್ಟಿಗೆ. ಒಳಗೆ ಆಕ್ಸ್ ಆಯಿಲ್, ಟಾಂಗ್, ಸೆಂಟು, ಟೇಪ್‌ರೆಕಾರ್ಡರ್. ಅವರು ತಿಂಗಳೊಳಗೆ ವಾಪಸ್ ಹೋಗುತ್ತಿದ್ದರು. ಮನೆಗೆ ಮಾತ್ರ ಪ್ರತಿ ಸಲ ಒಂದು ಕೋಣೆ ಜಾಸ್ತಿಯಾಗುತ್ತಿತ್ತು.

1987ರ 'ನಾಡೋಡಿಕ್ಕಾಟ್ಟ್' ಚಿತ್ರದಲ್ಲಿ ಕೆಲಸವಿಲ್ಲದ ದಾಸನ್, ವಿಜಯನ್ ಗಲ್ಫಿಗೆ ಅಂತ ಲಾಂಚ್ ಹತ್ತುತ್ತಾರೆ. ಏಜೆಂಟ್ ಗಫೂರ್ ಅವರನ್ನು ಮದ್ರಾಸಿನ ಕಡಲದಂಡೆಗೆ ಇಳಿಸಿ ಹೋಗುತ್ತಾನೆ. ಇಬ್ಬರೂ ಅರಬರ ವೇಷ ಹಾಕಿಕೊಂಡು ನಡೆಯುವಾಗ ತಮಿಳು ಬೋರ್ಡ್ ಕಾಣಿಸುತ್ತದೆ. ಕೇರಳ ನಕ್ಕು ನಕ್ಕು ಸುಸ್ತಾಯಿತು, ಯಾಕೆಂದರೆ ಮೋಸಹೋದವರು ಮನೆಮನೆಯಲ್ಲಿ ಇದ್ದರು. 1989ರ 'ವರವೇಲ್ಪು' ನಗುವಿಲ್ಲದ ಇನ್ನೊಂದು ಮುಖ. ಏಳು ವರ್ಷ ದುಡಿದು ಬಂದ ಮುರಳಿ ಊರಿನಲ್ಲೇ ಬದುಕೋಣ ಅಂತ ಒಂದು ಬಸ್ ಕೊಳ್ಳುತ್ತಾನೆ. ಹೆಸರು 'ಗಲ್ಫ್ ಮೋಟಾರ್ಸ್'. ಕಂಡಕ್ಟರ್, ಯೂನಿಯನ್, ಅಧಿಕಾರಿ, ನೆಂಟರು, ಎಲ್ಲರೂ ಸೇರಿ ಅವನನ್ನು ಬರಿಗೈ ಮಾಡಿ ಮತ್ತೆ ಗಲ್ಫಿಗೇ ಅಟ್ಟುತ್ತಾರೆ. 2015ರ 'ಪತ್ತೇಮಾರಿ'ಯ ಹೊತ್ತಿಗೆ ಧ್ವನಿ ಪೂರ್ತಿ ಬದಲಾಗಿದೆ. ಮಮ್ಮೂಟ್ಟಿ ಮಾಡಿದ ಪಳ್ಳಿಕ್ಕಲ್ ನಾರಾಯಣನ್ ಜೀವನವಿಡೀ ದುಡಿದು ಊರಲ್ಲಿ ಮನೆ ಕಟ್ಟಿಸುತ್ತಾನೆ, ಸಾಯುವುದು ಮಾತ್ರ ದುಬೈಯಲ್ಲಿ. ಕಟ್ಟಿಸಿದ ಮನೆಯಲ್ಲಿ ಬಾಳಲು ಅವನಿಗೆ ಆಗುವುದೇ ಇಲ್ಲ. ನಗು, ಸಿಟ್ಟು, ದುಃಖ: ಮೂವತ್ತು ವರ್ಷದಲ್ಲಿ ಗಲ್ಫ್ ಬಗ್ಗೆ ಕೇರಳದ ಮನಸ್ಸು ಬದಲಾದದ್ದು ಇದೇ ಸಾಲಿನಲ್ಲಿ.

ಯೂನಿಯನ್ ಮಾತು ಬಂತಲ್ಲ, ರಾಜಕೀಯಕ್ಕೂ ಒಂದು ಮನೆ ಇದೆ. 'ಸಂದೇಶಂ', 1991. ನಿರ್ದೇಶನ ಸತ್ಯನ್ ಅಂತಿಕ್ಕಾಡ್, ಬರೆದದ್ದು ಶ್ರೀನಿವಾಸನ್. ರೈಲ್ವೆಯಲ್ಲಿ ದುಡಿದು ನಿವೃತ್ತಿಯಾದ ಅಪ್ಪ ತಮಿಳುನಾಡಿನಿಂದ ಊರಿಗೆ ಬರುತ್ತಾರೆ. ಇಬ್ಬರು ಗಂಡುಮಕ್ಕಳು ಎರಡು ಎದುರಾಳಿ ಪಕ್ಷದಲ್ಲಿ. ಸಂಪಾದನೆ ಸೊನ್ನೆ, ಭಾಷಣ ಬೇಕಾದಷ್ಟು. ಊಟದ ಹೊತ್ತಿಗೂ ಜಗಳ. ಕಾಂಗ್ರೆಸ್ ಥರದ ಪಕ್ಷದ ತಮ್ಮ, ಕಮ್ಯುನಿಸ್ಟ್ ಥರದ ಪಕ್ಷದ ಅಣ್ಣನಿಗೆ "ಪೋಲೆಂಡಿನಲ್ಲಿ ಏನಾಯಿತು?" ಅಂತ ಚುಚ್ಚುತ್ತಾನೆ. ಅಣ್ಣ ಉರಿದು ಹೇಳುವ ಮಾತು: "ಪೋಲೆಂಡ್ ಬಗ್ಗೆ ಒಂದಕ್ಷರ ಮಾತಾಡಬೇಡ, ನನಗದು ಇಷ್ಟವಿಲ್ಲ." ಅದಾಗ ಪೋಲೆಂಡಿನಲ್ಲಿ ಕಮ್ಯುನಿಸ್ಟ್ ಆಡಳಿತ ಬಿದ್ದು ಎರಡು ವರ್ಷ ಆಗಿತ್ತು ಅಷ್ಟೇ. ಸ್ವಲ್ಪ ಯೋಚಿಸಿ. ಒಂದು ಕೌಟುಂಬಿಕ ಕಾಮಿಡಿ, ಅದರಲ್ಲಿ ಪೋಲೆಂಡ್ ಮೇಲೆ ಜೋಕು, ಥಿಯೇಟರಿನ ಕೊನೆ ಸಾಲಿಗೂ ಅರ್ಥವಾಗಿ ಚಪ್ಪಾಳೆ. ಮೂವತ್ತು ವರ್ಷ ದಾಟಿದರೂ ಕೇರಳದಲ್ಲಿ ಯಾರಾದರೂ ಉತ್ತರವಿಲ್ಲದೆ ತಡವರಿಸಿದರೆ ಪಕ್ಕದವರು "ಪೋಲೆಂಡ್" ಅನ್ನುತ್ತಾರೆ.

ಇಂಥ ಪ್ರೇಕ್ಷಕರು ಎಲ್ಲಿಂದ ಬಂದರು? ಅದಕ್ಕೆ ಹಿಂದಿನ ತಯಾರಿ ಇದೆ. ಪಿ. ಎನ್. ಪಣಿಕ್ಕರ್ ಅವರು 1945ರಲ್ಲಿ ಶುರುಮಾಡಿದ ಗ್ರಂಥಾಲಯ ಸಂಘ ಹಳ್ಳಿಹಳ್ಳಿಗೆ ವಾಚನಾಲಯ ತಂದಿತು. ಪೇಪರ್ ಓದಿ ಚಹಾ ಅಂಗಡಿಯಲ್ಲಿ ವಾದ ಮಾಡುವ ಅಭ್ಯಾಸ ಬೆಳೆಯಿತು. ಕೆಪಿಎಸಿ ನಾಟಕ ತಂಡ 1950ರ ದಶಕದಲ್ಲಿ ಭೂಮಿ, ಜಾತಿ, ಕೂಲಿ ವಿಷಯವನ್ನೇ ರಂಗಕ್ಕೆ ತಂದು ಊರೂರು ಸುತ್ತಿತು. ಅಲ್ಲಿಂದ ನಟರು, ಬರಹಗಾರರು ಸಿನಿಮಾಕ್ಕೆ ಬಂದರು. 1965ರಲ್ಲಿ ಅಡೂರ್ ಮತ್ತು ಗೆಳೆಯರು ತಿರುವನಂತಪುರದಲ್ಲಿ ಚಿತ್ರಲೇಖ ಫಿಲ್ಮ್ ಸೊಸೈಟಿ ಕಟ್ಟಿದರು. ಇನ್ನೊಂದು ಕಾರಣ ಅಷ್ಟು ಆದರ್ಶದ್ದಲ್ಲ: ಮಾರುಕಟ್ಟೆ ಚಿಕ್ಕದು, ದುಡ್ಡು ಕಮ್ಮಿ. ದೊಡ್ಡ ಸೆಟ್ ಹಾಕಲು ಆಗದವರು ಪಕ್ಕದ ಮನೆಯಲ್ಲೇ ಶೂಟಿಂಗ್ ಮಾಡಿದರು. ಬಡತನವೇ ಶೈಲಿಯಾಯಿತು.

ಈಗ ಅಡುಗೆಮನೆಗೆ ಬನ್ನಿ. 2021ರ ಜನವರಿಯಲ್ಲಿ ಬಂದ ಜಿಯೋ ಬೇಬಿ ಅವರ 'ದಿ ಗ್ರೇಟ್ ಇಂಡಿಯನ್ ಕಿಚನ್' ನೀವು ನೋಡಿರಬಹುದು. ದೊಡ್ಡ ಒಟಿಟಿಗಳು ಮೊದಲು ಬೇಡ ಅಂದ ಚಿತ್ರ ಅದು. ಚಿಕ್ಕದೊಂದು ಆ್ಯಪ್‌ನಲ್ಲಿ ಬಿಡುಗಡೆಯಾಯಿತು. ಹೊಸ ಸೊಸೆ ದೊಡ್ಡ ಹಳೇ ಮನೆಗೆ ಬರುತ್ತಾಳೆ. ಮಾವ ಬೈಯುವುದಿಲ್ಲ, ಹೊಡೆಯುವುದಿಲ್ಲ. ಮೆಲ್ಲಗೆ, ಪ್ರೀತಿಯಿಂದಲೇ ಹೇಳುತ್ತಾರೆ: ಅನ್ನ ಕಟ್ಟಿಗೆ ಒಲೆಯದ್ದೇ ಇರಲಿ ಮೋಳೇ (ಮಗಳೇ). ಚಟ್ನಿ ಮಿಕ್ಸಿಯಲ್ಲಿ ಬೇಡ, ಕಲ್ಲಿನಲ್ಲಿ ರುಬ್ಬು. ಬಟ್ಟೆ ಮಷಿನ್‌ಗೆ ಹಾಕಿದರೆ ಹಾಳಾಗುತ್ತದೆ. ಬೆಳಿಗ್ಗೆ ಅವರ ಕೈಗೆ ಟೂತ್‌ಬ್ರಶ್ ಕೂಡ ಹೆಂಡತಿಯೇ ತಂದು ಕೊಡಬೇಕು.

ಇಡೀ ಚಿತ್ರದಲ್ಲಿ ನನಗೆ ಖಳನಾಯಕ ಅನಿಸಿದ್ದು ಸಿಂಕಿನ ಕೆಳಗಿನ ಪೈಪು. ಅದು ಸೋರುತ್ತದೆ. ಪ್ಲಂಬರ್‌ಗೆ ಹೇಳಿ ಅಂತ ಅವಳು ಹೇಳುತ್ತಾಳೆ, ಗಂಡ ಮರೆಯುತ್ತಾನೆ. ಮತ್ತೆ ಹೇಳುತ್ತಾಳೆ, ಮತ್ತೆ ಮರೆಯುತ್ತಾನೆ. ಕೆಳಗೆ ಇಟ್ಟ ಪಾತ್ರೆಯಲ್ಲಿ ಕೊಳಕು ನೀರು ತುಂಬುತ್ತಾ ಹೋಗುತ್ತದೆ. ಅವನಿಗೆ ಅದು ಕಾಣುವುದಿಲ್ಲ, ಯಾಕೆಂದರೆ ಅವನು ಆ ಕೋಣೆಗೆ ಬರುವುದೇ ಇಲ್ಲ. ಮುಟ್ಟಿನ ದಿನಗಳಲ್ಲಿ ಅವಳು ಮೂಲೆ ಕೋಣೆಗೆ. ಹೊರಗೆ ಟಿವಿಯಲ್ಲಿ ಶಬರಿಮಲೆಗೆ ಹೆಂಗಸರ ಪ್ರವೇಶದ ಗಲಾಟೆ. ಸುಪ್ರೀಂ ಕೋರ್ಟ್ ತೀರ್ಪು ಬಂದದ್ದು 2018ರಲ್ಲಿ. ಒಂದು ಇಡೀ ರಾಜ್ಯ ಬೀದಿಯಲ್ಲಿ ಮಾಡಿದ ಜಗಳವನ್ನು ಜಿಯೋ ಬೇಬಿ ಒಂದು ಅಡುಗೆಮನೆಯೊಳಗೆ ತಂದಿಟ್ಟರು. ಕೊನೆಗೆ ಆ ನೀರು ಎಲ್ಲಿಗೆ ಹೋಗುತ್ತದೆ ಅಂತ ನೋಡದವರಿಗಾಗಿ ಹೇಳದೆ ಬಿಡುತ್ತೇನೆ. ಶಿಕ್ಷಣದಲ್ಲಿ ಮೊದಲು ಅಂತ ಹೊಗಳಿಸಿಕೊಳ್ಳುವ ಕೇರಳದಲ್ಲಿ ಓದಿದ ಸೊಸೆಯೂ ಇದೇ ಸಿಂಕಿನ ಮುಂದೆ ನಿಲ್ಲುತ್ತಾಳೆ. ನಮ್ಮಲ್ಲಿ ಬೇರೆ ಥರ ಇದೆಯಾ ಅಂತ ಕೇಳಿದರೆ ನಾನು ಉತ್ತರ ಕೊಡುವುದಿಲ್ಲ, ನಿಮ್ಮ ಮನೆಯವರನ್ನೇ ಕೇಳಿ.

'ಕುಂಬಳಂಗಿ ನೈಟ್ಸ್' ಇದಕ್ಕೆ ಎರಡು ವರ್ಷ ಮೊದಲಿನದ್ದು. ಅಲ್ಲಿ ಎರಡು ಮನೆ. ಒಂದು ಬಾಗಿಲಿಲ್ಲದ, ಬಣ್ಣವಿಲ್ಲದ, ಊರು ಕಸ ಎಸೆಯುವ ಜಾಗದ ಪಕ್ಕದ ಮನೆ, ಅದರಲ್ಲಿ ಕಚ್ಚಾಡುವ ನಾಲ್ಕು ಅಣ್ಣತಮ್ಮಂದಿರು. ಇನ್ನೊಂದು ಓರಣವಾದ ಮನೆ, ಅದರಲ್ಲಿ ಕನ್ನಡಿ ಮುಂದೆ ಮೀಸೆ ತೀಡುವ ಶಮ್ಮಿ. ಸ್ನಾನದ ಮನೆಯ ಕನ್ನಡಿಗೆ ಯಾರೋ ಹೆಂಗಸು ಅಂಟಿಸಿದ ಬಿಂದಿಯನ್ನು ಅವನು ಬ್ಲೇಡಿನಿಂದ ಕೆರೆದು ತೆಗೆಯುತ್ತಾನೆ. ಆ ಕೆರೆಯುವ ಸದ್ದಿನಲ್ಲೇ ಮುಂದಿನದ್ದೆಲ್ಲ ಇದೆ. ಎಲಿಪ್ಪತ್ತಾಯಂನ ಉಣ್ಣಿ ಮತ್ತು ಈ ಶಮ್ಮಿ, ಇಬ್ಬರ ಕೈಗೂ ಕನ್ನಡಿ, ಇಬ್ಬರಿಗೂ ಮೀಸೆ. ನಡುವೆ ಸುಮಾರು ನಲವತ್ತು ವರ್ಷ. ಇನ್ನೊಂದು ಮನೆಯ ದೊಡ್ಡಣ್ಣ ಸಾಜಿ ಮಾತ್ರ ಡಾಕ್ಟರ ಮುಂದೆ ಕೂತು ಬಿಕ್ಕಿ ಬಿಕ್ಕಿ ಅಳುತ್ತಾನೆ. ಮಲಯಾಳಂ ಪರದೆಯ ಗಂಡಸಿಗೆ ಆ ಅಳು ಹೊಸದು.

ಇಷ್ಟು ಮನೆ ಸುತ್ತಿದೆವು. ಮನೆಯೇ ಸಿಗದವರ ಮಾತು? ಇಲ್ಲೇ ನಿಮ್ಮ "ಕನ್ನಡಿ" ಒಡೆಯುವುದು. ಮಲಯಾಳಂನ ಮೊದಲ ಚಿತ್ರ 'ವಿಗತಕುಮಾರನ್', ಜೆ. ಸಿ. ಡೇನಿಯಲ್ ಮಾಡಿದ ಮೂಕಿ ಚಿತ್ರ. ನಾಯಕಿ ಪಿ. ಕೆ. ರೋಸಿ ದಲಿತ ಹೆಣ್ಣು. ಪರದೆಯ ಮೇಲೆ ನಾಯರ್ ಹೆಣ್ಣಿನ ಪಾತ್ರ ಮಾಡಿದ್ದಕ್ಕೆ ಮೇಲ್ಜಾತಿಯವರು ರೊಚ್ಚಿಗೆದ್ದರು. ರೋಸಿ ಊರು ಬಿಟ್ಟು ತಮಿಳುನಾಡಿಗೆ ಓಡಿಹೋಗಬೇಕಾಯಿತು. ಮಲಯಾಳಂ ಸಿನಿಮಾ ಹುಟ್ಟಿದ್ದೇ ತನ್ನ ಮೊದಲ ನಾಯಕಿಯನ್ನು ಓಡಿಸಿ. ಆಮೇಲೂ ಎಷ್ಟೋ ಕಾಲ ದಲಿತರು ಕೆಲಸದವರಾಗಿ, ಕುಡುಕರಾಗಿ, ಗೂಂಡಾಗಳಾಗಿ ಬಂದು ಹೋಗುತ್ತಿದ್ದರು. ರಾಜೀವ್ ರವಿ ಅವರ 'ಕಮ್ಮಟ್ಟಿಪಾಡಂ' 2016ರಲ್ಲಿ ಬಂತು. ಎರ್ನಾಕುಳಂ ಬಸ್ ಸ್ಟ್ಯಾಂಡಿನ ಪಕ್ಕದ ಗದ್ದೆ, ಅಲ್ಲಿದ್ದ ದಲಿತ ಕುಟುಂಬಗಳು, ಆ ಗದ್ದೆಯ ಮೇಲೆ ಎದ್ದ ಫ್ಲ್ಯಾಟುಗಳು. ಗಂಗನ ಪಾತ್ರಕ್ಕೆ ವಿನಾಯಕನ್ ರಾಜ್ಯ ಪ್ರಶಸ್ತಿ ಪಡೆದರು. ಕೊಚ್ಚಿಯ ಹೊಳೆಯುವ ಅಪಾರ್ಟ್‌ಮೆಂಟ್‌ನಲ್ಲಿ ನಡೆಯುವ ಪ್ರೇಮಕಥೆ ಇನ್ನು ಮುಂದೆ ನೋಡುವಾಗ, ಅದರ ಅಡಿಯಲ್ಲಿ ಯಾರ ಗದ್ದೆ ಇತ್ತು ಅಂತ ನೆನಪಾಗದೆ ಇರದು.

ಉದ್ಯಮದ ಒಳಮನೆಯನ್ನೂ ಮರೆಯಬೇಡಿ. ಪರದೆಯ ಮೇಲೆ ಹೆಂಗಸರ ಪರ ಒಳ್ಳೊಳ್ಳೆ ಚಿತ್ರ ಬರುತ್ತಿದ್ದ ಅದೇ ವರ್ಷಗಳಲ್ಲಿ, ಅಲ್ಲಿ ದುಡಿಯುವ ಹೆಂಗಸರ ಸ್ಥಿತಿ ತನಿಖೆ ಮಾಡಲು ಸರ್ಕಾರ 2017ರಲ್ಲಿ ನ್ಯಾಯಮೂರ್ತಿ ಹೇಮಾ ಸಮಿತಿ ನೇಮಿಸಬೇಕಾಯಿತು. 2019ರ ಕೊನೆಗೆ ಸಲ್ಲಿಸಿದ ವರದಿ ಜನರ ಕೈಗೆ ಬಂದದ್ದು 2024ರ ಆಗಸ್ಟ್‌ನಲ್ಲಿ. ಶೌಚಾಲಯ, ಬಟ್ಟೆ ಬದಲಿಸಲು ಜಾಗ, ಇಷ್ಟೂ ಸಿಗದ ಸೆಟ್‌ಗಳ ಮಾತು ಅದರಲ್ಲಿದೆ. ಹಾಗೆಯೇ, ಕೇರಳದ ಹೋಟೆಲು, ತೋಟ, ಕಟ್ಟಡ ಎಲ್ಲ ಕಡೆ ಇವತ್ತು ದುಡಿಯುವವರು ಬಂಗಾಳ, ಅಸ್ಸಾಂ, ಒಡಿಶಾದವರು. ಯಾವ ರಾಜ್ಯದವನಾದರೂ ಅವನು 'ಬಂಗಾಳಿ' ಅಥವಾ 'ಭಾಯಿ'. ಗಲ್ಫಿನಲ್ಲಿ ಮಲಯಾಳಿ ಪಟ್ಟ ಪಾಡಿಗೆ ಕಣ್ಣೀರು ಹಾಕುವ ಸಿನಿಮಾ ಈ ಭಾಯಿಯ ಬಾಡಿಗೆ ಕೋಣೆಯೊಳಗೆ ಹೋಗುವುದು ತೀರಾ ಅಪರೂಪ.

ನಮ್ಮ ವಿಷಯವೂ ಹಾಗೇ. 'ಬ್ಯಾಂಗಲೂರ್ ಡೇಸ್' ನೋಡಿ, ಅದರ ಬೆಂಗಳೂರಿನಲ್ಲಿ ಕನ್ನಡದವರನ್ನು ಹುಡುಕಬೇಕು. ಊರಿನ ಅಮ್ಮಾವನ್, ಅಮ್ಮಾಯಿ (ಮಾವ, ಅತ್ತೆ) ಕಣ್ಣು ತಪ್ಪಿಸಿ ಉಸಿರಾಡುವ ಜಾಗ ಅದು, ಅಷ್ಟೇ. 2024ರ 'ಆವೇಶಂ' ಸ್ವಲ್ಪ ಮುಂದೆ ಹೋಯಿತು. ಅದರ ರಂಗಣ್ಣ ಮಲಯಾಳಂ ಕನ್ನಡ ಬೆರೆಸಿ ಮಾತಾಡುವುದು ಕೇಳಿ ನಾನಂತೂ ನಕ್ಕಿದ್ದೇ ನಕ್ಕಿದ್ದು. ಮರುವರ್ಷ 'ಲೋಕಃ' ಚಿತ್ರದಲ್ಲಿ ಬೆಂಗಳೂರಿನ ಹುಡುಗಿಯರ ಬಗ್ಗೆ ಒಂದು ಮಾತಿತ್ತು ಅಂತ ಇಲ್ಲಿ ಬೇಸರವಾಗಿ, ನಿರ್ಮಾಪಕರು ಕ್ಷಮೆ ಕೇಳಿದರು. ಅವರ ಸಿನಿಮಾದಲ್ಲಿ ನಾವು ಹೇಗೆ ಕಾಣುತ್ತೇವೆ ಅನ್ನುವುದೂ ಅವರ ಸಮಾಜದ ಸುದ್ದಿಯೇ.

ಸಬ್‌ಟೈಟಲ್‌ನಲ್ಲಿ ನಿಮಗೆ ತಪ್ಪಿಹೋಗುವುದು ಒಂದಿದೆ: ಊರಿನ ಮಾತು. ಈಗಿನ ಚಿತ್ರಗಳು ಕೇರಳದಲ್ಲಿ ನಡೆಯುವುದಿಲ್ಲ, ಒಂದೊಂದು ತಾಲ್ಲೂಕಿನಲ್ಲಿ ನಡೆಯುತ್ತವೆ. ಇಡುಕ್ಕಿಯದ್ದು ಬೇರೆ, ಮಲಪ್ಪುರದ್ದು ಬೇರೆ, ನಮ್ಮ ಕಾಸರಗೋಡಿನದ್ದಂತೂ ತಿರುವನಂತಪುರದವರಿಗೇ ಅರ್ಥವಾಗುವುದಿಲ್ಲ. ಹಿಂದೆ ಆ ಮಾತು ಸಿನಿಮಾದಲ್ಲಿ ಬರುತ್ತಿದ್ದರೆ ಬರೀ ತಮಾಷೆಗೆ. 'ನ್ನಾ ತಾನ್ ಕೇಸ್ ಕೊಡ್' 2022ರಲ್ಲಿ ಅದನ್ನು ಕೋರ್ಟಿನೊಳಗೆ ಕೂರಿಸಿತು. ರಸ್ತೆ ಗುಂಡಿಯ ದೆಸೆಯಿಂದ ನಾಯಿ ಕಚ್ಚಿಸಿಕೊಂಡ ಹಳೇ ಕಳ್ಳನೊಬ್ಬ ಮಂತ್ರಿಯ ಮೇಲೆ ಕೇಸು ಹಾಕುವ ಕಥೆ. ನ್ಯಾಯಾಧೀಶರ ಪಾತ್ರ ಮಾಡಿದ ಪಿ. ಪಿ. ಕುಂಞಿಕೃಷ್ಣನ್ ಆ ಕಡೆಯವರೇ, ನಿವೃತ್ತ ಮೇಷ್ಟರು. ರಾಜ್ಯ ಪ್ರಶಸ್ತಿಯೂ ಬಂತು. ಕಾಞಂಗಾಡಿನ ಸೆನ್ನ ಹೆಗ್ಡೆ ಕನ್ನಡದಲ್ಲಿ 'ಕಥೆಯೊಂದು ಶುರುವಾಗಿದೆ' ಮಾಡಿದವರು. ಆಮೇಲೆ ತಮ್ಮೂರಿಗೇ ಹೋಗಿ 'ತಿಂಗಳಾಳ್ಚ ನಿಶ್ಚಯಂ' ಮಾಡಿದರು. ಮನೆಯಲ್ಲಿ ತಾನು ಹೇಳಿದ್ದೇ ನಡೆಯಬೇಕು ಅನ್ನುವ ಕುವೈತ್ ವಿಜಯನ್, ಮಗಳ ನಿಶ್ಚಿತಾರ್ಥದ ಗಡಿಬಿಡಿ. ಅಂಗಳ, ಚಪ್ಪರ, ಹಿಂಬದಿಯ ಅಡುಗೆ ಗಲಾಟೆ ನೋಡುತ್ತಾ ನನಗೆ ನಮ್ಮನೆ ಮದುವೆಯ ವಿಡಿಯೋ ನೋಡಿದ ಹಾಗಾಯಿತು. ಆದರೂ ಒಂದು ಕೊರಗು: ಚಂದ್ರಗಿರಿ ಹೊಳೆಯಿಂದ ಈಚೆಗೆ, ಮಂಜೇಶ್ವರದವರೆಗಿನ ಕನ್ನಡ-ತುಳು ಮಾತಿನ ಮನೆಗಳು ಈ ಹೊಸ ಅಲೆಯಲ್ಲೂ ಅಷ್ಟಾಗಿ ಕಾಣಲಿಲ್ಲ.

ಕೇರಳ ಸಿನಿಮಾದಲ್ಲಿ ಕಾಣುವ ಹಾಗೇ ಇದೆಯಾ ಅಂತ ಕೇಳಿದ್ದಿರಿ. ಒಂದು ವಿಷಯದಲ್ಲಿ ಹೌದು ಅನ್ನಲು ನನಗೆ ಅನುಮಾನವಿಲ್ಲ. 2019ರ 'ಆಂಡ್ರಾಯ್ಡ್ ಕುಂಞಪ್ಪನ್' ನೋಡಿ. ಪಯ್ಯನ್ನೂರಿನ ಹಠಮಾರಿ ಮುದುಕ, ಮಗ ಕೆಲಸಕ್ಕೆ ರಷ್ಯಾದಲ್ಲಿ, ಅಪ್ಪನನ್ನು ನೋಡಿಕೊಳ್ಳಲು ಮಗ ತಂದಿಟ್ಟದ್ದು ಒಂದು ರೋಬೋ. ಮುದುಕರಿಗೆ ಕೊನೆಗೆ ಆ ರೋಬೋ ಮೇಲೇ ಮಗನಷ್ಟು ಜೀವ. ರೋಬೋ ಒಂದು ಬಿಟ್ಟರೆ ಉಳಿದದ್ದೆಲ್ಲ ನಮ್ಮ ರಸ್ತೆಯದ್ದೇ. ಗಲ್ಫ್ ದುಡ್ಡಿನಲ್ಲಿ ಕೋಣೆ ಮೇಲೆ ಕೋಣೆ ಏರಿಸಿದ ಆ ಪಕ್ಕದ ಮನೆ ಹೇಳಿದೆನಲ್ಲ, ಈಗ ಅದರ ಮೇಲಿನ ಮಾಳಿಗೆಗೆ ಬೀಗ. ಕೆಳಗೆ ಆ ತಾಯಿ ಒಬ್ಬರೇ. ಮಕ್ಕಳು ಒಬ್ಬ ಕೆನಡಾ, ಒಬ್ಬ ದೋಹಾ. ಹೋದ ತಿಂಗಳು ಹೋಗಿದ್ದಾಗ ಟಿವಿಯಲ್ಲಿ ಹಳೇ 'ಸಂದೇಶಂ' ಹಾಕಿಕೊಂಡು ಕೂತಿದ್ದರು. ಪೋಲೆಂಡ್ ಜೋಕು ಬಂದಾಗ ಇಬ್ಬರೂ ನಕ್ಕೆವು. ಆಮೇಲೆ ಎದ್ದು ಹೋಗಿ ನನಗೆ ಚಹಾ ಮಾಡಿದರು.